ಮೊಹರು ಬಿದ್ದ ಹಲ್ಲು

ಆ ಆಸ್ಪತ್ರೆಯ ಹಿಂಬದಿಯಲ್ಲಿ, ಅಡುಗೆಮನೆಗೂ ಹೆಣದ ಕೋಣೆಗೂ ನಡುವೆ, ಬಟ್ಟೆ ಒಗೆಯುವ ಮನೆ. ಗುಣವಾಗಿ ಎದ್ದು ಹೋದವರ ಹಾಸುಬಟ್ಟೆಯೂ ಏಳದೇ ಹೋದವರ ಹೊದಿಕೆಯೂ ಅಲ್ಲಿಗೇ ಬಂದು, ಒಂದೇ ಹಂಡೆಯಲ್ಲಿ ಕುದಿದು, ಒಂದೇ ಹಗ್ಗದ ಮೇಲೆ ಒಣಗುತ್ತಿದ್ದವು. ಒಣಗಿದ ಮೇಲೆ ಯಾವುದು ಯಾರದೆಂದು ದೇವರಿಗೆ ಮಾತ್ರ ಗೊತ್ತು. ಅವನು ಯಾರಿಗೂ ಹೇಳುತ್ತಿರಲಿಲ್ಲ.

ಎಲ್ಲರೂ ದೊಡ್ಡಕ್ಕ ಎಂದು ಕರೆಯುವ ಹೆಂಗಸು ಮದುವೆಯಾದ ಹೊಸತರಲ್ಲಿ ಆ ಹಂಡೆಯ ಮುಂದೆ ನಿಂತವಳು, ಮಗಳನ್ನು ಮದುವೆ ಮಾಡಿ ಕಳಿಸಿದ ಮೇಲೂ ಅಲ್ಲೇ ನಿಂತಿದ್ದಳು. ಬೆಳಗ್ಗೆ ಬೆಂಕಿ ಹೊತ್ತಿಸುವ ಮುಂಚೆ ಒಂದು ಗಳಿಗೆ ಕಣ್ಣು ಮುಚ್ಚಿ, "ಈ ಬಟ್ಟೆ ಮೇಲೆ ಮಲಗಿದೋರನ್ನೆಲ್ಲ ನೋಡ್ಕೊಳಪ್ಪ" ಅಂದುಕೊಂಡು ಕೆಲಸಕ್ಕೆ ಕೈ ಹಾಕುವುದು ಅವಳ ಕ್ರಮ. ಪಕ್ಕದ ಹಂಡೆ ಅವಳ ನಾದಿನಿಯದು. ನಾದಿನಿಗೆ ಬಾಯಿ ಜೋರು, ಪ್ರಾರ್ಥನೆ ಕಡಿಮೆ.

ರೋಗಿಗಳು ಹಾಸಿಗೆಯಲ್ಲಿ ಏನೇನು ಬಿಡುತ್ತಾರೆ ಎಂಬುದು ಹಂಡೆಯ ಮುಂದೆ ನಿಂತವರಿಗಷ್ಟೇ ತಿಳಿದೀತು. ಉಂಗುರ, ಕನ್ನಡಕ, ಬಾಚಣಿಗೆ, ಮೊಮ್ಮಗನ ಫೋಟೋ. ಹಾಗಾಗಿ ಹಂಡೆಗೆ ಹಾಕುವ ಮುಂಚೆ ಪ್ರತಿ ಬಟ್ಟೆಯ ಮೂಲೆಯನ್ನೂ ಬೆರಳಿನಿಂದ ತಡವಿ ನೋಡಬೇಕು. ಸಿಕ್ಕಿದ್ದನ್ನು ಹಂಡೆಯ ಕಟ್ಟೆಯ ಮೇಲಿಡುವ ಹಾಗಿಲ್ಲ, ಸೋಪಿನ ನೀರಿನ ಜೊತೆ ಜಾರಿ ಮೋರಿಗೆ ಹೋದೀತು. ಕುದಿಯುವ ಹಂಡೆ ಬಿಟ್ಟು ಕದಲುವ ಹಾಗೂ ಇಲ್ಲ, ಉಕ್ಕಿ ಬಂದರೆ ಪಕ್ಕದವಳ ಕಾಲು ಬೇಯುತ್ತದೆ. ಆದ್ದರಿಂದ ಹಿಂದಿನವರು ಮಾಡಿಟ್ಟ ಒಂದು ಪದ್ಧತಿ ಇತ್ತು: ತಲೆಗೆ ಕಟ್ಟಿದ ಬಟ್ಟೆಯ ತುದಿಯಲ್ಲಿ ಅದನ್ನು ಗಂಟು ಹಾಕಿ, ಎಲ್ಲರಿಗೂ ಕಾಣುವ ಹಾಗೆ ಭುಜದ ಮೇಲೆ ಇಳಿಬಿಡುವುದು. ಹಬೆ ಇಳಿದ ಮೇಲೆ, ಗಂಟು ಇದ್ದವಳು ಅದನ್ನು ವಾರ್ಡಿಗೆ ಮುಟ್ಟಿಸಲು ಮೊದಲು ಹೊರಗೆ ಹೋಗಬೇಕು, ಮಿಕ್ಕವರು ದಾರಿ ಬಿಡಬೇಕು. ಗಂಟಿನಲ್ಲಿ ಏನಿದೆ ಎಂದು ಯಾರೂ ಕೇಳುತ್ತಿರಲಿಲ್ಲ. ಕೇಳುವುದು ಅವಮಾನ.

ಇದೆಲ್ಲ ಹೊಸ ಮೇಲ್ವಿಚಾರಕನಿಗೆ ತಿಳಿಯದು. ತಿಳಿಸೋಣವೆಂದರೆ ಅವನು ಯಾರ ಮಾತಿಗೂ ಕಿವಿ ಕೊಡುವವನಲ್ಲ, ಕೊರಳಲ್ಲಿ ಸೀಟಿಯೊಂದನ್ನು ನೇತುಹಾಕಿಕೊಂಡು ಅದರಲ್ಲೇ ಮಾತಾಡುವವನು. ಬಾ ಎನ್ನುವುದಕ್ಕೂ ಸೀಟಿ, ಹೋಗು ಎನ್ನುವುದಕ್ಕೂ ಸೀಟಿ. ಹೆಂಗಸರು ಅವನಿಗೆ ಇಟ್ಟ ಹೆಸರೂ ಅದೇ.

ಒಂದು ಬೆಳಗ್ಗೆ, ಮೂಳೆ ವಾರ್ಡಿನಿಂದ ಬಂದ ಹಾಸುಬಟ್ಟೆಯ ಮೂಲೆಯಲ್ಲಿ ದೊಡ್ಡಕ್ಕನ ಬೆರಳಿಗೆ ಗಟ್ಟಿಯಾದದ್ದೇನೋ ಸಿಕ್ಕಿತು. ಬಿಡಿಸಿ ನೋಡಿದರೆ ಹಲ್ಲು! ಮೇಲಿನದೂ ಕೆಳಗಿನದೂ ಸೇರಿ ಇಡೀ ಸೆಟ್ಟು, ಗುಲಾಬಿ ಬಣ್ಣದ ವಸಡಿನ ಸಮೇತ ಅವಳನ್ನು ನೋಡಿ ಕಿರಿಯುತ್ತಿತ್ತು. ಅವಳು ನಕ್ಕು, ಗಂಟು ಹಾಕಿಕೊಂಡು, ಹಂಡೆಗೆ ಕೋಲು ಹಾಕಿದಳು.

ಅಷ್ಟರಲ್ಲಿ ಆ ಹಲ್ಲಿನ ಯಜಮಾನನೇ ಕುಂಟುತ್ತ ಬಂದು ಕಿಟಕಿಯಲ್ಲಿ ಇಣುಕಿದ. ಅವನು ರೈಲಜ್ಜ. ಕೆಲಸದಲ್ಲಿದ್ದಾಗ ರೈಲು ನಿಲ್ದಾಣದ ಧ್ವನಿವರ್ಧಕದಲ್ಲಿ ಗಾಡಿಗಳ ಹೊತ್ತು ಸಾರುತ್ತಿದ್ದವನು. ಆ ಧ್ವನಿವರ್ಧಕ ಎಂಥದ್ದೆಂದರೆ, ಅವನ ಬಾಯ್ತುಂಬ ಹಲ್ಲಿದ್ದ ಕಾಲದಲ್ಲೂ ಒಂದಕ್ಷರ ನೆಟ್ಟಗೆ ಕೇಳುತ್ತಿರಲಿಲ್ಲ. ಆದರೂ ಯಾರೂ ಗಾಡಿ ತಪ್ಪಿಸಿಕೊಳ್ಳುತ್ತಿರಲಿಲ್ಲ. ಊರಿಗೆ ಹೋಗಬೇಕಾದವನು ಮೈಯೆಲ್ಲ ಕಿವಿ ಮಾಡಿಕೊಂಡು ನಿಲ್ಲುತ್ತಾನೆ.

"ನನ್ನ ಹಲ್ಲು ಹೋಯ್ತು ಕಣಮ್ಮ, ಬಟ್ಟೆ ಜೊತೆ ಹೋಯ್ತು!" ಅಂದ ಅಜ್ಜ. ಮಾತು ತುಟಿಯ ಸಂದಿಯಲ್ಲಿ ಗಾಳಿಯಾಗಿ ಬರುತ್ತಿತ್ತು.

ದೊಡ್ಡಕ್ಕ ಭುಜದ ಮೇಲಿನ ಗಂಟು ಎತ್ತಿ ತೋರಿಸಿದಳು. "ಎಲ್ಲೂ ಹೋಗಿಲ್ಲ ಅಜ್ಜ, ಇಲ್ಲೇ ಇದೆ. ಈಗ ಹಂಡೆ ಬಿಟ್ಟು ಬರೋ ಹಾಗಿಲ್ಲ. ಹಬೆ ಇಳೀಲಿ, ಬಿಸಿನೀರಲ್ಲಿ ತೊಳೆದು ನಾನೇ ತಂದು ಕೊಡ್ತೀನಿ."

"ತಿಂಡಿ ಹೊತ್ತಿಗೆ ತಾ ಮತ್ತೆ. ಇಲ್ದಿದ್ರೆ ಕುಡಿದೇ ತಿನ್ಬೇಕಾಗುತ್ತೆ" ಎಂದು ನಗುತ್ತ ಅಜ್ಜ ವಾರ್ಡಿಗೆ ಹೋದ.

ಹಬೆ ಇಳಿಯುವ ಮುಂಚೆಯೇ ಸೀಟಿ ಬಂದ. ಗಂಟು ಕಂಡಿತು.

"ಏನದು?"

"ಹಲ್ಲು ಸಾರ್."

"ಯಾರದು?"

"ನಂದಂತೂ ಅಲ್ಲ" ಎಂದು ಅವಳು ತನ್ನ ಹಲ್ಲು ತೋರಿಸಿದಳು. ಅಕ್ಕಪಕ್ಕದವರು ಗೊಳ್ಳೆಂದರು. ಆ ನಗುವೇ ಕೆಟ್ಟದ್ದಾಯಿತು. ತನ್ನನ್ನು ನೋಡಿ ನಕ್ಕರೆಂದು ಸೀಟಿ ಸೀಟಿ ಊದಿದ, ಕಾವಲುಗಾರ ಓಡಿ ಬಂದ, ಗಂಟು ಬಿಚ್ಚಿದರು. 'ಸಿಕ್ಕ ವಸ್ತುವನ್ನು ತಕ್ಷಣ ಕಚೇರಿಗೆ ಒಪ್ಪಿಸತಕ್ಕದ್ದು' ಎಂಬ ನಿಯಮ ಇತ್ತಂತೆ. ಇದ್ದದ್ದು ಕಚೇರಿಯ ಒಳಗೋಡೆಯ ಮೇಲೆ. ಒದ್ದೆ ಕಾಲಿನವರು ಒಳಗೆ ಬರಕೂಡದು ಎಂಬ ಇನ್ನೊಂದು ನಿಯಮ ಅದೇ ಕಚೇರಿಯ ಬಾಗಿಲ ಮೇಲಿತ್ತು. ದೊಡ್ಡಕ್ಕ ಓದಲು ಸಾಧ್ಯವಿದ್ದದ್ದು ಬಾಗಿಲ ಮೇಲಿನದನ್ನು ಮಾತ್ರ.

ಆಮೇಲೆ ವಿಚಾರಣೆ. ಆಹಾ, ಅಂಥ ವಿಚಾರಣೆಯನ್ನು ಕಂಡವರು ಧನ್ಯರು. ನಡೆಸಬೇಕಾದ ಅಧಿಕಾರಿ ರಜೆಯ ಮೇಲಿದ್ದನೆಂದು ಆ ಜಾಗಕ್ಕೆ ಸೀಟಿಯನ್ನೇ ಕೂರಿಸಿದರು. ದೂರು ಕೊಟ್ಟವನೂ ಅವನೇ, ಕಂಡವನೂ ಅವನೇ. ಆದರೆ ಪದ್ಧತಿ ತಪ್ಪಬಾರದಲ್ಲ? ಸಾಕ್ಷಿ ಹೇಳುವ ಹೊತ್ತು ಬಂದಾಗ ಮೇಜಿನ ಹಿಂದಿನ ಕುರ್ಚಿಯಿಂದ ಎದ್ದು, ಸುತ್ತಿ ಬಂದು, ಮುಂದಿನ ಕುರ್ಚಿಯಲ್ಲಿ ಕೂತು ಕಂಡದ್ದನ್ನು ಹೇಳಿದ. ಮತ್ತೆ ಎದ್ದು, ಸುತ್ತಿ ಹೋಗಿ, ಹಿಂದಿನ ಕುರ್ಚಿಯಲ್ಲಿ ಕೂತು ತನ್ನ ಮಾತನ್ನು ನಂಬಿದ. 'ಪಕ್ಷಪಾತವಿಲ್ಲದೆ ವಿಚಾರಣೆ ನಡೆಸಲಾಯಿತು' ಎಂದು ಬರೆಸಿದ. ಕುರ್ಚಿ ಬದಲಾಯಿಸಿದ್ದನಲ್ಲ.

ನಾದಿನಿಯನ್ನು ಕರೆಸಿದರು.

"ಗಂಟಲ್ಲಿ ಹಲ್ಲು ಇತ್ತೋ ಇಲ್ವೋ?"

"ಇತ್ತು ಸಾರ್, ಆದ್ರೆ ನಮ್ಮಲ್ಲಿ ಏನಂದ್ರೆ..."

"ಇತ್ತೋ ಇಲ್ವೋ ಅಷ್ಟು ಹೇಳು."

"ಇತ್ತು, ಆದ್ರೆ..."

"ಆಯ್ತು, ಹೋಗು" ಎಂದು ಸೀಟಿ ಊದಿದ.

ದೊಡ್ಡಕ್ಕನನ್ನು ಕರೆದದ್ದು ಕೊನೆಗೆ, ಸಹಿ ಹಾಕಲಿಕ್ಕೆ. ಅವಳು ಬಾಯಿ ತೆರೆದಾಗ, "ನಿನ್ನ ಮಾತೇನಿದ್ರೂ ಮೇಲ್ಮನವಿಯಲ್ಲಿ ಹೇಳ್ಕೋ" ಅಂದರು. ಮೇಲ್ಮನವಿ ಕೇಳುವವರು ಆಡಳಿತಾಧಿಕಾರಿ. ಅವರು ಒಂದು ಕಿವಿಯಲ್ಲಿ ಫೋನು, ಇನ್ನೊಂದು ಕಿವಿಯಲ್ಲಿ ಬೆರಳು ಇಟ್ಟುಕೊಂಡು ಅವಳ ಮಾತು ಕೇಳಿದರು. "ಹೇಳೋದೇನಿದ್ರೂ ವಿಚಾರಣೆಯಲ್ಲೇ ಹೇಳ್ಬೇಕಿತ್ತಲ್ಲಮ್ಮ" ಎಂದು ಬೇಸರಪಟ್ಟು, ಕಳವಿನ ಆರೋಪದ ಮೇಲೆ ಕೆಲಸದಿಂದ ವಜಾ ಮಾಡಿದ ಆದೇಶವನ್ನು ಎತ್ತಿಹಿಡಿದರು.

ಮನೆಯಲ್ಲಿ ನಾದಿನಿಗೆ ಅನ್ನ ಸೇರಲಿಲ್ಲ. "ನನ್ನ ನಾಲಿಗೆಗೆ ಬೆಂಕಿ ಹಾಕ. ಇತ್ತು ಅಂದೆನಲ್ಲ ಅತ್ತಿಗೆ!"

"ಇದ್ದದ್ದನ್ನ ಇತ್ತು ಅನ್ನದೆ ಏನಂತೀಯ? ಸುಳ್ಳು ಹೇಳಿದ್ರೆ ದೇವರು ಮೆಚ್ತಾನಾ?"

"ದೇವರು ಮೆಚ್ಚಿ ಏನು ಬಂತು? ಸೀಟಿ ಮೆಚ್ಚಿದ!"

ಕೆಲಸ ಹೋದದ್ದನ್ನು ದೊಡ್ಡಕ್ಕ ಹೇಗೋ ಹೊಟ್ಟೆಗೆ ಹಾಕಿಕೊಳ್ಳುತ್ತಿದ್ದಳೇನೋ. ಆದರೆ ಅವಳ ಗಂಡ ಬೀಗ ರಿಪೇರಿ ಮಾಡುವವನು. ಬೀದಿಯ ಮೂಲೆಯಲ್ಲಿ ಗೋಡೆಗೊರಗಿದ ಒಂದು ಗೂಡು, ಅದರ ತುಂಬ ಜನರ ಮನೆಯ ಕೀಲಿಗಳು. ಊರವರು ಅವನ ಕೈಗೆ ಕೀಲಿ ಕೊಟ್ಟು ನಿಶ್ಚಿಂತೆಯಿಂದ ನಿದ್ದೆ ಮಾಡುತ್ತಿದ್ದರು. ಹೆಂಡತಿ ಕಳ್ಳಿ ಎಂದು ಆಸ್ಪತ್ರೆಯೇ ಬರೆದು ಕೊಟ್ಟ ಮೇಲೆ ಯಾರು ಕೊಡುತ್ತಾರೆ? ಯಾರೂ ಜಗಳವಾಡಲಿಲ್ಲ, ಬೈಯಲೂ ಇಲ್ಲ. "ಒಂದು ಗಳಿಗೆ ಕೊಡಪ್ಪ, ನೆಂಟರು ಬರ್ತಾರೆ" ಎಂದು ಒಬ್ಬೊಬ್ಬರಾಗಿ ಬಂದು ಕೀಲಿ ವಾಪಸು ಇಸಿದುಕೊಂಡು ಹೋದರು. ಊರಿಗೆಲ್ಲ ಒಂದೇ ವಾರದಲ್ಲಿ ನೆಂಟರು ಬಂದರು. ಗೂಡಿನ ಮೊಳೆಗಳೆಲ್ಲ ಬರಿದಾದವು. ಗಂಡ ಆ ಮೊಳೆಗಳ ತುಕ್ಕು ಉಜ್ಜುತ್ತ ಕೂರುತ್ತಿದ್ದ. ಅದನ್ನು ನೋಡಲಾರದೆ ದೊಡ್ಡಕ್ಕ ಕೋರ್ಟಿಗೆ ಹೋದಳು.

ಅವಳ ಪರ ನಿಂತ ವಕೀಲಮ್ಮ ಹಳೆಯ ಸ್ಕೂಟರಿನಲ್ಲಿ ಬರುವ, ಸದಾ ಕೆಮ್ಮುವ ಹೆಂಗಸು. ಮೊದಲ ದಿನವೇ ಕೇಳಿದಳು: "ನಿಮಗೇನು ಬೇಕು? ಕೆಲಸವಾ, ಪರಿಹಾರವಾ?"

"ಕಳ್ಳಿ ಅಲ್ಲ ಅಂತ ಅವರ ಬಾಯಲ್ಲಿ ಹೇಳಿಸಿ. ಅಷ್ಟು ಸಾಕು."

"ಅದೇ ಎಲ್ಲಕ್ಕಿಂತ ಕಷ್ಟದ್ದು" ಎಂದು ವಕೀಲಮ್ಮ ಕೆಮ್ಮಿದಳು.

ನ್ಯಾಯಾಧೀಶರು ಮೃದು ಮಾತಿನ ಮನುಷ್ಯ. ಬಾಯಲ್ಲಿ ಸದಾ ಒಂದು ಪೆಪ್ಪರಮೆಂಟು. ಮೇಜಿನ ಮೇಲಿನ ಗಾಜಿನ ಬಟ್ಟಲಿನಿಂದ ತೆಗೆದು ಚೀಪುತ್ತ, ಯೋಚನೆ ಗಾಢವಾದಾಗ ಕಟಕ್ಕನೆ ಕಡಿಯುತ್ತಿದ್ದರು. ಒಳ್ಳೆಯ ಗಟ್ಟಿ ಹಲ್ಲು. ಅವರಿಗೆ ಪ್ರಿಯವಾದ ಮಾತು 'ವಿವೇಚನೆ'. ಕಾನೂನು ಹೇಳದೆ ಬಿಟ್ಟದ್ದನ್ನೆಲ್ಲ ನ್ಯಾಯಾಧೀಶನ ವಿವೇಚನೆಗೆ ಬಿಟ್ಟಿದೆ, ಅದು ಬಹು ಸೂಕ್ಷ್ಮವಾದದ್ದು ಎನ್ನುತ್ತಿದ್ದರು. ವಿವೇಕವೆಂಬುದು ಭಗವಂತನ ವರ ಎಂದು ನಂಬಿದ್ದ ದೊಡ್ಡಕ್ಕ ಆ ಮಾತು ಕೇಳಿದಾಗಲೆಲ್ಲ ಬೆಂಚಿನ ಮೇಲೆ ಕೂತೇ ಮನಸ್ಸಿನಲ್ಲಿ ಕೈ ಮುಗಿದಳು. ಕೆಲವು ಸಲ ಮುಗಿದಳು. ಆಮೇಲೆ ನಿಲ್ಲಿಸಿದಳು.

ಯಾಕೆಂದರೆ ಅದು ಹರಿಯುವ ದಿಕ್ಕು ಅವಳಿಗೆ ಕಾಣತೊಡಗಿತು. ಆಸ್ಪತ್ರೆಯವರು ಉತ್ತರ ತಡಮಾಡಿ ಸಲ್ಲಿಸಿದರೆ ವಿವೇಚನೆಯಿಂದ ಮನ್ನಿಸಲಾಯಿತು. ಇನ್ನೊಮ್ಮೆ ತಡವಾದರೆ ಇನ್ನೊಮ್ಮೆ ಮನ್ನಿಸಲಾಯಿತು. ವಕೀಲಮ್ಮನ ಸ್ಕೂಟರು ದಾರಿಯಲ್ಲಿ ಕೈಕೊಟ್ಟ ದಿನ ಮಾತ್ರ ಕೇಸನ್ನು ವಜಾ ಮಾಡಿ, ಮತ್ತೆ ತೆರೆಸಲು ಬೇರೆ ಅರ್ಜಿ ಹಾಕಿಸಿದರು. ಒಮ್ಮೆ ಆಸ್ಪತ್ರೆಯ ಹಿರಿಯ ವಕೀಲರ ಕೆನ್ನೆ ಊದಿಕೊಂಡಿತ್ತು. ಕೈವಸ್ತ್ರ ಒತ್ತಿಕೊಂಡು ನಿಂತ ಅವರನ್ನು ಕಂಡು ನ್ಯಾಯಾಧೀಶರು ಕರಗಿಹೋದರು.

"ಏನ್ ವಕೀಲರೇ, ಹಲ್ಲುನೋವಾ?"

"ದವಡೆ ಹಲ್ಲು ಸ್ವಾಮಿ, ಮಾತಾಡೋಕೆ ಆಗ್ತಿಲ್ಲ."

"ಮಾತಾಡ್ಲೇಬೇಡಿ. ಬಾಯಿ ಸರಿಯಿಲ್ಲದವರನ್ನ ಮಾತಾಡಿಸೋದು ಕ್ರೌರ್ಯ" ಎಂದು ದೂರದ ತಾರೀಖು ಕೊಟ್ಟರು.

ಹಿಂದಿನ ಬೆಂಚಿನಲ್ಲಿ ರೈಲಜ್ಜ ಕೂತಿದ್ದ. ಅವನ ಬಾಯಲ್ಲಿ ಒಂದೂ ಹಲ್ಲಿರಲಿಲ್ಲ. ಇದ್ದ ಸೆಟ್ಟು, ಕಳವಿನ ಮಾಲೆಂದು ಆಸ್ಪತ್ರೆಯವರು ಒಪ್ಪಿಸಿದ ಮೇಲೆ, ಅರಗಿನ ಮೊಹರು ಬಿದ್ದ ಪೊಟ್ಟಣದಲ್ಲಿ, ಕೋರ್ಟಿನ ಕಪಾಟಿನೊಳಗೆ ಭದ್ರವಾಗಿತ್ತು. ಹೊಸದು ಮಾಡಿಸಲು ಮಗನನ್ನು ಕೇಳಿದರೆ, "ಇರೋದು ಬರ್ಲಿ ಬಿಡಪ್ಪ, ಇವತ್ತು ನಾಳೆ ಕೊಡ್ತಾರೆ" ಎನ್ನುತ್ತಿದ್ದ. ಅಜ್ಜ ಪ್ರತಿ ತಾರೀಖಿಗೂ ಬರುತ್ತಿದ್ದ, ನ್ಯಾಯಕ್ಕಲ್ಲ, ಹಲ್ಲಿಗೆ. ಹೊರಗಿನ ಮೊಗಸಾಲೆಯಲ್ಲಿ ಕೂತು ತನ್ನ ಕಾಲದ ರೈಲುಗಳ ಕಥೆ ಹೇಳುತ್ತಿದ್ದ. ದೊಡ್ಡಕ್ಕ, ನಾದಿನಿ, ಬಾಗಿಲಲ್ಲಿ ಹೆಸರು ಕೂಗುವ ಜವಾನ, ಊಟದ ಬಿಡುವಿನಲ್ಲಿ ಬರುವ ಕೋರ್ಟಿನ ಟೈಪಿಸ್ಟ್ ಹೆಂಗಸು ಎಲ್ಲರೂ ಬಾಯಿ ಬಿಟ್ಟುಕೊಂಡು ಕೇಳುತ್ತಿದ್ದರು. ಮೊದಮೊದಲು ಅವನ ಮಾತು ತಿಳಿಯುತ್ತಿರಲಿಲ್ಲ. ಮುಖ ನೋಡುತ್ತ ಕೇಳಿದರೆ ತಿಳಿಯುತ್ತಿತ್ತು. ದೇವರಿಗೆ ಹೇಳಿಕೊಳ್ಳುವಾಗ ನಮ್ಮೆಲ್ಲರ ಮಾತೂ ಹಾಗೇ ಇರುತ್ತದೇನೋ, ಅವನು ಮುಖ ನೋಡಿ ತಿಳಿದುಕೊಳ್ಳುತ್ತಾನೇನೋ, ಎಂದು ದೊಡ್ಡಕ್ಕನಿಗೆ ಅನ್ನಿಸುತ್ತಿತ್ತು.

ಕೊನೆಗೊಂದು ದಿನ ನ್ಯಾಯಾಧೀಶರು ಆ ಕುರ್ಚಿ ಸುತ್ತಿದ ವಿಚಾರಣೆಯನ್ನು ಅಳಿಸಿ ಹಾಕಿದರು. ಆರೋಪಿಸಿದವನೇ ತೀರ್ಪು ಕೊಡುವುದು ಸಹಜ ನ್ಯಾಯಕ್ಕೆ ವಿರುದ್ಧ ಎಂದು ಚೆಂದದ ಮಾತಿನಲ್ಲಿ ಬರೆಸಿ, ಸಾಕ್ಷಿಗಳನ್ನು ತಾವೇ ಹೊಸದಾಗಿ ಕೇಳುವುದಾಗಿ ಹೇಳಿದರು. ನಾದಿನಿ ಮೊಗಸಾಲೆಯಲ್ಲಿ ಕುಣಿದಳು. ವಕೀಲಮ್ಮ ರೈಲಜ್ಜನನ್ನು ಸಾಕ್ಷಿಯಾಗಿ ಕರೆಸಿದಳು. ಸೀಟಿ ಬರುವ ಮುಂಚೆಯೇ ಆ ಗಂಟನ್ನು ಕಣ್ಣಾರೆ ಕಂಡು, ತಂದು ಕೊಡುತ್ತೇನೆಂಬ ಮಾತನ್ನು ಕಿವಿಯಾರೆ ಕೇಳಿದವನು, ಒಗೆಯುವ ಮನೆಯ ಹೊರಗಿನವರಲ್ಲಿ, ಅವನೊಬ್ಬನೇ.

ಅಜ್ಜ ಕಟಕಟೆಗೆ ಹತ್ತಿ, ಬೆನ್ನು ನೆಟ್ಟಗೆ ಮಾಡಿ, ಹಳೆಯ ನಿಲ್ದಾಣದ ಗತ್ತಿನಲ್ಲಿ ಹೇಳಿದ: "ಫ್ವಾಮಿ, ಆ ಹಲ್ಲು ನಂದು. ಆಯಮ್ಮ ಕದೀಲಿಲ್ಲ."

ನ್ಯಾಯಾಧೀಶರು ಕಡತ ನೋಡುತ್ತಿದ್ದರು. "ಏನಂದ್ರು?"

ಹಿರಿಯ ವಕೀಲರು ಥಟ್ಟನೆ ಎದ್ದರು. ಅವರ ದವಡೆ ಈಗ ಗುಣವಾಗಿತ್ತು. "ಸಾಕ್ಷಿಯ ಮಾತು ಅಸ್ಪಷ್ಟ ಸ್ವಾಮಿ. ಏನೋ ಹೇಳಿ ಏನೋ ದಾಖಲಾದರೆ ನನ್ನ ಕಕ್ಷಿದಾರರಿಗೆ ಅನ್ಯಾಯ."

"ಹೌದು, ಅಸ್ಪಷ್ಟ" ಎಂದು ನ್ಯಾಯಾಧೀಶರು ತಲೆಯೆತ್ತದೆ ಒಪ್ಪಿದರು.

ವಕೀಲಮ್ಮ ಕೆಮ್ಮು ನುಂಗಿಕೊಂಡು ಹೇಳಿದಳು: "ಅವರಿಗೆ ಮಾತು ಸ್ಪಷ್ಟವಾಗಿ ಬರ್ಬೇಕು ಅಂದ್ರೆ ಹಲ್ಲು ಬೇಕು ಸ್ವಾಮಿ. ಹಲ್ಲು ನಿಮ್ಮ ಕಪಾಟಲ್ಲಿದೆ. ಸಾಕ್ಷಿ ಹೇಳೋವಷ್ಟು ಹೊತ್ತು ಕೊಡಿಸಿ."

ಹಿರಿಯ ವಕೀಲರು ಬೆಚ್ಚಿಬಿದ್ದರು. ಕಳವಿನ ಮಾಲನ್ನು ಸಾಕ್ಷಿಯ ಬಾಯಿಗೆ ಹಾಕುವುದೇ? ಸಾಕ್ಷ್ಯ ನಾಶವಾಗುವುದಿಲ್ಲವೇ? ಆ ಹಲ್ಲು ಈ ಸಾಕ್ಷಿಯದೇ ಎಂದು ಇನ್ನೂ ರುಜುವಾತಾಗಿಲ್ಲ. ಬೇರೆಯವರ ಹಲ್ಲನ್ನು ಇವರ ಬಾಯಲ್ಲಿ ಇಟ್ಟಂತಾದರೆ ಹೊಣೆ ಯಾರು? ಅವರು ಆ ದಿನ ಮಧ್ಯಾಹ್ನವೆಲ್ಲ ವಾದ ಮಾಡಿದರು. ಹಲ್ಲು ತನ್ನದೆಂದು ಹೇಳಲು ಅಜ್ಜನಿಗೆ ಹಲ್ಲು ಬೇಕು, ಹಲ್ಲು ಸಿಗಬೇಕಾದರೆ ಅದು ತನ್ನದೆಂದು ಮೊದಲು ಹೇಳಬೇಕು. ಓದಿದವರು ಇಂಥ ಗಂಟು ಹಾಕುವುದರಲ್ಲಿ ಎತ್ತಿದ ಕೈ. ಒಗೆಯುವ ಮನೆಯ ಗಂಟನ್ನು ಬಿಚ್ಚಿದರೆ ಒಳಗೆ ಏನಾದರೂ ಇರುತ್ತಿತ್ತು.

"ಇದು ನನ್ನ ವಿವೇಚನೆಗೆ ಬಿಟ್ಟ ವಿಷಯ. ಯೋಚಿಸಿ ಹೇಳ್ತೀನಿ" ಎಂದು ನ್ಯಾಯಾಧೀಶರು ಪೆಪ್ಪರಮೆಂಟು ಕಡಿದರು.

ಅವರು ಯೋಚಿಸುತ್ತಿರುವಾಗ ಸೆಕೆ ಹೋಗಿ ಚಳಿ ಬಂತು, ಚಳಿ ಹೋಗಿ ಸೆಕೆ ಬಂತು. ರೈಲಜ್ಜ ಗಂಜಿ ಕುಡಿದು ಕುಡಿದು ಸೊರಗಿದ. ಕೊನೆಗೆ ಅನುಮತಿ ಬಂತು.

ಪೊಟ್ಟಣ ತಂದರು, ಎಲ್ಲರೂ ನೋಡುವ ಹಾಗೆ ಮೊಹರು ಒಡೆದರು. ಹಲ್ಲು ಹಾಗೇ ಇತ್ತು. ಜವಾನ ನೀರು ತಂದು ಕೊಟ್ಟ. ಅಜ್ಜ ತೊಳೆದು, ಕಣ್ಣಿಗೊತ್ತಿಕೊಂಡು, ಬಾಯಿಗಿಟ್ಟುಕೊಂಡ.

"ಸ್ವಾ..." ಎಂದದ್ದೇ ತಡ, ಸೆಟ್ಟು ಕಟಕಟ ಎಂದು ಅಲ್ಲಾಡಿ ಗಲ್ಲದ ಮೇಲೆ ಇಳಿಯಿತು. ನ್ಯಾಯ ಯೋಚಿಸುತ್ತ ಕೂತಿದ್ದಷ್ಟೂ ಕಾಲ ಅಜ್ಜನ ವಸಡು ಕರಗುತ್ತಿತ್ತು. ಬಾಯಿ ಚಿಕ್ಕದಾಗಿತ್ತು, ಹಲ್ಲು ಬೆಳೆದ ಹಾಗೆ ಕಾಣುತ್ತಿತ್ತು.

ಹಿರಿಯ ವಕೀಲರು ಖುಷಿಯಿಂದ ಎದ್ದರು. "ನೋಡಿ ಸ್ವಾಮಿ! ಹೊಂದ್ತಾನೇ ಇಲ್ಲ. ಈ ಹಲ್ಲು ಇವರದ್ದೇ ಅಲ್ಲ!"

ಅಜ್ಜನಿಗೆ ಸಿಟ್ಟು ಬಂತು. ಸೆಟ್ಟನ್ನು ಕಿತ್ತು ನ್ಯಾಯಾಧೀಶರ ಮೇಜಿನ ಮೇಲೆ, ಪೆಪ್ಪರಮೆಂಟಿನ ಬಟ್ಟಲ ಪಕ್ಕದಲ್ಲೇ ಠಪ್ಪೆಂದು ಇಟ್ಟ. ಬೋಳು ಬಾಯಲ್ಲೇ ಶುರುಮಾಡಿದ. ಕಿಟಕಿಗೆ ಬಂದದ್ದು, ಗಂಟು ತೋರಿಸಿದ್ದು, ಹಬೆ ಇಳಿದ ಮೇಲೆ ತಂದು ಕೊಡುತ್ತೇನೆಂದದ್ದು, ತಾನು ನಗುತ್ತ ಹೋದದ್ದು ಎಲ್ಲ ಹೇಳಿದ. ಗಾಡಿ ಯಾವ ಕಡೆಯಿಂದ ಎಷ್ಟು ತಡವಾಗಿ ಬರುತ್ತಿದೆ ಎಂದು ಸಾರುವವನ ಹಾಗೆ, ಯಾರು ಕೇಳಲಿ ಬಿಡಲಿ, ಕೊನೆಯ ತನಕ ಹೇಳಿದ.

"ಅಸ್ಪಷ್ಟ" ಎಂದು ನ್ಯಾಯಾಧೀಶರು ನಿಟ್ಟುಸಿರಿಟ್ಟರು. "ಏನಂತ ದಾಖಲಿಸೋಣ?"

ಟೈಪಿಸ್ಟ್ ಹೆಂಗಸಿನ ಬೆರಳುಗಳು ಆಗಲೇ ನಿಂತಿದ್ದವು. "ದಾಖಲಿಸಿ ಆಯ್ತು ಸಾರ್" ಅಂದಳು.

"ನಿಮಗೆ ತಿಳೀತಾ?"

"ಎಲ್ಲರಿಗೂ ತಿಳೀತು ಸಾರ್. ತಾತನ ಮುಖ ನೋಡಿದ್ರೆ ತಿಳಿಯುತ್ತೆ."

ಜವಾನ ಬಾಗಿಲಲ್ಲೇ ತಲೆಯಾಡಿಸಿದ. ನ್ಯಾಯಾಧೀಶರು ಆಗ, ಅಷ್ಟು ಕಾಲದಲ್ಲಿ ಮೊದಲ ಬಾರಿಗೆ, ಅಜ್ಜನ ಮುಖ ನೋಡಿದರು. ನೋಡಿ, ಮುಜುಗರಪಟ್ಟು, ತೀರ್ಪಿಗೆ ತಾರೀಖು ಕೊಟ್ಟರು. ಹಲ್ಲಿಗೆ ಮತ್ತೆ ಪೊಟ್ಟಣವಾಯಿತು.

ತೀರ್ಪಿನ ದಿನ ಗಂಡನೂ ಗೂಡು ಮುಚ್ಚಿ ಬಂದಿದ್ದ. ಮುಚ್ಚಲು ಅಲ್ಲಿ ಏನೂ ಇರಲಿಲ್ಲ, ಆದರೂ ಬೀಗ ಹಾಕಿ ಬಂದಿದ್ದ. ದೊಡ್ಡಕ್ಕ ಒಗೆಯುವ ಮನೆಯ ಹಳೆಯ ತಲೆಬಟ್ಟೆಯನ್ನು ತೊಳೆದು ಕಟ್ಟಿಕೊಂಡಿದ್ದಳು. ಕೆಲಸಕ್ಕೆ ವಾಪಸು ಕರೆದರೆ ಇಲ್ಲಿಂದಲೇ ಹೋಗೋಣ ಎಂದು ನಾದಿನಿಗೆ ಹೇಳಿದ್ದಳು.

ನ್ಯಾಯಾಧೀಶರು ಓದಿದರು. ಕಳವಿನ ಆರೋಪ ಸಾಬೀತಾಗಿಲ್ಲ, ವಜಾ ಮಾಡಿದ್ದು ತಪ್ಪು. ವಕೀಲಮ್ಮ ಕಣ್ಣು ಮುಚ್ಚಿಕೊಂಡಳು. ಆದರೆ, ಎಂದು ನ್ಯಾಯಾಧೀಶರು ಮುಂದುವರಿದರು. ಆಡಳಿತಕ್ಕೆ ಈ ಕೆಲಸಗಾರಳ ಮೇಲೆ ನಂಬಿಕೆ ಹೋಗಿದೆ. ನಂಬಿಕೆ ಇಲ್ಲದ ಕಡೆ ಬಲವಂತವಾಗಿ ಕಳಿಸುವುದು ಸರಿಯಲ್ಲ. ಆದ್ದರಿಂದ ತಮ್ಮ ವಿವೇಚನೆ ಬಳಸಿ, ಕೆಲಸದ ಬದಲು ಒಂದಿಷ್ಟು ಪರಿಹಾರ ಕೊಡಿಸುತ್ತಿದ್ದೇವೆ. ವಶಪಡಿಸಿಕೊಂಡ ಹಲ್ಲಿನ ಸೆಟ್ಟನ್ನು, ಅದನ್ನು ಒಪ್ಪಿಸಿದವರಿಗೆ, ಅಂದರೆ ಆಸ್ಪತ್ರೆಗೆ, ಹಿಂದಿರುಗಿಸತಕ್ಕದ್ದು.

"ಆಫ್ಪತ್ರೆಗಾ!" ಎಂದ ರೈಲಜ್ಜ. ಆ ಮಾತು ಯಾರಿಗೂ ಅಸ್ಪಷ್ಟವಾಗಿರಲಿಲ್ಲ.

ದೊಡ್ಡಕ್ಕ ಎದ್ದು ನಿಂತಳು. ವಕೀಲಮ್ಮ ತೋಳು ಹಿಡಿದು ಕೂರಿಸಲು ನೋಡಿದಳು, ಆಗಲಿಲ್ಲ.

"ಒಂದು ಮಾತು ಕೇಳ್ಲಾ ಸ್ವಾಮಿ? ನಾನು ಕಳ್ಳಿ ಹೌದೋ ಅಲ್ವೋ?"

"ಆರೋಪ ಸಾಬೀತಾಗಿಲ್ಲ ಅಂತ ಹೇಳಿದ್ದೀನಲ್ಲಮ್ಮ."

"ಅಂದ್ರೆ ಕದ್ದು ಸಿಕ್ಕಿಬೀಳಲಿಲ್ಲ ಅಂತಾನಾ, ಕದೀಲೇ ಇಲ್ಲ ಅಂತಾನಾ? ಬೀದಿಯಲ್ಲಿ ಕೇಳ್ತಾರೆ, ಹೇಳ್ಬೇಕಲ್ಲ."

"ಆ ಪ್ರಶ್ನೆಗೆ ಉತ್ತರ ಕೊಡೋ ಅಗತ್ಯ ಈ ನ್ಯಾಯಾಲಯಕ್ಕೆ ಬಿದ್ದಿಲ್ಲ" ಎಂದರು ನ್ಯಾಯಾಧೀಶರು, ಬಹಳ ಮೃದುವಾಗಿ.

"ಅವರ ನಂಬಿಕೆ ಹೋಯ್ತು ಅಂದ್ರಲ್ಲ, ನನ್ನದು ಇದೆಯಾ ಅಂತ ಕೇಳೋ ಅಗತ್ಯ ಬಿತ್ತಾ?"

ನ್ಯಾಯಾಧೀಶರ ಬಾಯಲ್ಲಿ ಪೆಪ್ಪರಮೆಂಟು ಒಂದು ಕೆನ್ನೆಯಿಂದ ಇನ್ನೊಂದು ಕೆನ್ನೆಗೆ ಹೋಯಿತು, ಅಷ್ಟೆ.

ಹಲ್ಲಿನ ಪೊಟ್ಟಣ ಮೇಜಿನ ಅಂಚಿನಲ್ಲೇ ಇತ್ತು. ಹಿರಿಯ ವಕೀಲರು ತಮ್ಮ ಕಡೆಯವರಿಗೆ ಕೊಡಿಸಲೆಂದು ಕೈ ಚಾಚಿದ್ದರು. ದೊಡ್ಡಕ್ಕ ಅವಸರವಿಲ್ಲದೆ ನಡೆದು ಹೋದಳು. ಬೆಂಕಿ ಹೊತ್ತಿಸುವ ಮುಂಚೆ ಮುಚ್ಚುತ್ತಿದ್ದ ಹಾಗೆ ಒಂದು ಗಳಿಗೆ ಕಣ್ಣು ಮುಚ್ಚಿದಳು. ತೆರೆದು, ಪೊಟ್ಟಣ ಬಿಡಿಸಿ, ಸೆಟ್ಟನ್ನು ಎತ್ತಿಕೊಂಡು, ತಲೆಬಟ್ಟೆಯ ತುದಿಯಲ್ಲಿಟ್ಟು, ನ್ಯಾಯಾಧೀಶರ ಕಣ್ಣೆದುರೇ ಗಂಟು ಹಾಕಿದಳು. ಎಲ್ಲರಿಗೂ ಕಾಣುವ ಹಾಗೆ ಭುಜದ ಮೇಲೆ ಇಳಿಬಿಟ್ಟಳು.

"ನೋಡ್ಕೊಳ್ಳಿ ಸ್ವಾಮಿ. ಈಗ ತಗೊಂಡಿದ್ದೀನಿ, ನಿಮ್ಮ ಮುಂದೇನೇ. ಆಸ್ಪತ್ರೆದು ಅಂತೀರಿ, ನಾನು ಅಜ್ಜನಿಗೆ ಕೊಡ್ತೀನಿ. ಕಳ್ಳಿ ಅನ್ನೋದಾದ್ರೆ ಈಗ ಅನ್ನಿ. ಈ ಸಲ ಕುರ್ಚಿ ಸುತ್ತೋದು ಬೇಡ, ಸಾಕ್ಷಿಗೆ ಅಲೆಯೋದೂ ಬೇಡ. ಕಂಡೋರೂ ನೀವೇ, ಹೇಳೋರೂ ನೀವೇ."

"ಇದು ಅಪರಾಧ ಸ್ವಾಮಿ!" ಎಂದು ಹಿರಿಯ ವಕೀಲರು ಕೂಗಿದರು. ಹಿಂದೆ ಕೂತಿದ್ದ ಸೀಟಿಯ ಕೈ ಅಭ್ಯಾಸಬಲದಿಂದ ಕೊರಳಿಗೆ ಹೋಯಿತು. ಜವಾನ ಕಣ್ಣು ಬಿಟ್ಟ, ಅವನು ಕೈ ಇಳಿಸಿದ.

ನ್ಯಾಯಾಧೀಶರು ಗಂಟನ್ನು ನೋಡಿದರು. ಅಜ್ಜನ ಬೋಳು ಬಾಯಿ ನೋಡಿದರು. ಬಾಯಲ್ಲಿದ್ದ ಪೆಪ್ಪರಮೆಂಟನ್ನು ಕಡಿಯಲು ಹೋಗಿ, ಯಾಕೋ ಕಡಿಯದೆ, ಕೈವಸ್ತ್ರಕ್ಕೆ ಉಗುಳಿಕೊಂಡರು. ಆಮೇಲೆ ಕಿಟಕಿಯ ಕಡೆ ತಿರುಗಿ, "ಮುಂದಿನ ಕೇಸು ಕರೀರಿ" ಅಂದರು. ಇಷ್ಟು ವರ್ಷ ಹೊಗಳಿದ ವಿವೇಚನೆ ಅಂದು ಮಾಡಿದ ಒಳ್ಳೆಯ ಕೆಲಸ ಇದೊಂದೇ: ಬೇರೆ ಕಡೆ ನೋಡಿದ್ದು.

ಜವಾನ ಮುಂದಿನ ಹೆಸರು ಕೂಗಲಿಲ್ಲ. ಮೊದಲು ಬಾಗಿಲ ಬಳಿ ನೆರೆದವರನ್ನು ಪಕ್ಕಕ್ಕೆ ಸರಿಸಿ, "ಗಂಟು ಇದ್ದೋರು ಮೊದಲು. ದಾರಿ ಬಿಡ್ರಪ್ಪ" ಅಂದ. ಮೊಗಸಾಲೆಯಲ್ಲಿ ಕೂತು, ರೈಲಿನ ಕಥೆಯ ಜೊತೆ ದೊಡ್ಡಕ್ಕನ ಒಗೆಯುವ ಮನೆಯ ಕಥೆಯನ್ನೂ ಅವನು ಕೇಳಿದ್ದನಲ್ಲ.

ಹೊರಗೆ ಮೆಟ್ಟಿಲ ಮೇಲೆ ದೊಡ್ಡಕ್ಕ ಗಂಟು ಬಿಚ್ಚಿದಳು. "ತಗೋ ಅಜ್ಜ. ಹಬೆ ಇಳೀತು."

ಅಜ್ಜ ಹಲ್ಲನ್ನು ಅಂಗೈಯಲ್ಲಿಟ್ಟುಕೊಂಡು ನೋಡಿದ. "ತಿಂಡಿ ಹೊತ್ತು ಮೀರಿಹೋಯ್ತಲ್ಲಮ್ಮ" ಅಂದ.

"ಅಂಟು ಹಾಕಿಸಿದ್ರೆ ಕೂರುತ್ತೆ ಬಿಡಿ" ಎಂದಳು ನಾದಿನಿ. "ಇಲ್ದಿದ್ರೆ ಸೀಟಿಗೆ ಕೊಡೋಣ, ಕಚ್ಚೋದಕ್ಕೆ ಇನ್ನೊಂದು ಜೊತೆ ಬೇಕಾಗುತ್ತೆ ಅವನಿಗೆ." ಗಂಡ ನಕ್ಕ. ಅವನು ನಕ್ಕದ್ದನ್ನು ಮನೆಯವರು ನೋಡಿ ಬಹಳ ಕಾಲವಾಗಿತ್ತು.

ಅವರು ಬೀದಿಗೆ ಇಳಿಯುವಷ್ಟರಲ್ಲಿ ಟೈಪಿಸ್ಟ್ ಹೆಂಗಸು ಏದುಸಿರು ಬಿಡುತ್ತ ಓಡಿ ಬಂದಳು. ಕೈಯಲ್ಲಿ ಒಂದು ಕೀಲಿ.

"ದೊಡ್ಡಕ್ಕ, ನಿಮ್ಮ ಮನೆಯವರು ಕೀಲಿ ಮಾಡ್ತಾರಲ್ವಾ? ನಮ್ಮನೆ ಮುಂಬಾಗಿಲದ್ದು. ಇಂಥದ್ದೇ ಇನ್ನೊಂದು ಬೇಕು. ನಾನು ಸಾಯಂಕಾಲದ ತನಕ ಬರೋಕಾಗಲ್ಲ, ಇಟ್ಕೊಂಡಿರಿ."

ಗಂಡ ಕೈ ಚಾಚಲಿಲ್ಲ. ಹೆಂಡತಿಯ ಮುಖ ನೋಡಿದ. ದೊಡ್ಡಕ್ಕ ಕೀಲಿ ಇಸಿದುಕೊಂಡು, ಬಿಚ್ಚಿದ ತಲೆಬಟ್ಟೆಯ ತುದಿಯಲ್ಲಿ ಅದನ್ನಿಟ್ಟು ಗಂಟು ಹಾಕಿ, ಭುಜದ ಮೇಲೆ ಇಳಿಬಿಟ್ಟುಕೊಂಡು, ಬೀದಿಯ ನಟ್ಟನಡುವೆ ನಡೆದಳು.